ಹೆಬ್ಬೆರಳಿನ ಸೇಫ್ಟಿ ಇಲ್ಲದ ಪಿಸ್ತೂಲು: ಒಬ್ಬ ಆರ್ಮರರ್‌ನ ಅನುಭವ

ಕೋಲಾರ ಜಿಲ್ಲೆಯಲ್ಲಿ ಪೊಲೀಸ್ ಆಯುಧಗಳ ನಿರ್ವಹಣೆ ನೋಡಿಕೊಳ್ಳುವ ಆರ್ಮರರ್ ಆಗಿದ್ದ ವರ್ಷಗಳಲ್ಲಿ, ಸೊಂಟಕ್ಕೆ ಕಟ್ಟುವ ಆಯುಧವೆಂದರೆ ನನಗೆ ಬಹುಪಾಲು ಎರಡೇ ಆಗಿದ್ದವು: .38 ರಿವಾಲ್ವರ್ ಮತ್ತು ಇಶಾಪುರದ ರೈಫಲ್ ಕಾರ್ಖಾನೆಯ 9 ಎಂ.ಎಂ. 1ಎ ಪಿಸ್ತೂಲು. ಈ ಎರಡನೆಯದು 1935ರ ಬ್ರೌನಿಂಗ್ ಹೈ-ಪವರ್‌ನ ಮಾದರಿಯದ್ದಾದ್ದರಿಂದ ನಾವು ಅದನ್ನು ಬ್ರೌನಿಂಗ್ ಎಂದೇ ಕರೆಯುತ್ತಿದ್ದೆವು. ಹೀಗಾಗಿ ಆಸ್ಟ್ರಿಯಾದ ಗ್ಲಾಕ್ 17 ಪಿಸ್ತೂಲು ನನ್ನ ಮೇಜಿಗೆ ಬಂದಾಗ, ಅದನ್ನು ಬ್ರೌನಿಂಗ್‌ನ ಪಕ್ಕದಲ್ಲಿಟ್ಟು ನೋಡುವುದು ಸಹಜವೇ ಆಗಿತ್ತು.

ಎಲ್ಲರ ಕಣ್ಣಿಗೆ ಮೊದಲು ಬೀಳುವುದು ತೂಕ. ಬ್ರೌನಿಂಗ್ ಖಾಲಿಯಿದ್ದಾಗಲೂ 900 ಗ್ರಾಂ ಆಸುಪಾಸು ತೂಗುತ್ತದೆ. ಗ್ಲಾಕ್ ಮ್ಯಾಗಜೀನ್ (ಗುಂಡು ತುಂಬುವ ಪೆಟ್ಟಿಗೆ) ಇಲ್ಲದೆ 625 ಗ್ರಾಂ ಮಾತ್ರ. ಚೌಕಟ್ಟು ಪಾಲಿಮರ್‌ನದು, ಸ್ಲೈಡ್ (ಹಿಂದೆ ಮುಂದೆ ಸರಿಯುವ ಮೇಲ್ಭಾಗ) ಜಾರುವ ನಾಲ್ಕು ಗಿಡ್ಡ ಉಕ್ಕಿನ ಹಳಿಗಳನ್ನು ಮಾತ್ರ ಅದರೊಳಗೆ ಹುದುಗಿಸಿದ್ದಾರೆ. ಗುಂಡುಗಳು 13ರ ಬದಲು 17. ಇವು ಒಳ್ಳೆಯ ಸಂಗತಿಗಳೇ, ಆದರೆ ನನ್ನ ಮಟ್ಟಿಗೆ ಮುಖ್ಯವಾದವಲ್ಲ. ಕೈಗೆ ತೆಗೆದುಕೊಂಡ ಪ್ರತಿಯೊಬ್ಬ ಕಾನ್‌ಸ್ಟೆಬಲ್ಲೂ ಹೆಬ್ಬೆರಳಿನಿಂದ ಎಡಬದಿಯನ್ನು ತಡವಿ ಕೇಳಿದ ಪ್ರಶ್ನೆ ಮಾತ್ರ ಮುಖ್ಯವಾದದ್ದು: "ಸೇಫ್ಟಿ ಎಲ್ಲಿದೆ ಸಾರ್?"

ಗುಂಡು ತಾನಾಗಿ ಹಾರದಂತೆ ತಡೆಯುವ ಸೇಫ್ಟಿ ಇದೆ, ಒಂದಲ್ಲ ಮೂರು; ಆದರೆ ಹೆಬ್ಬೆರಳಿಗೆ ಸಿಗುವಂಥದ್ದು ಒಂದೂ ಇಲ್ಲ. ಟ್ರಿಗರ್‌ನ ನಡುವೆ ಒಂದು ಸಣ್ಣ ನಾಲಿಗೆಯಿದ್ದು, ಬೆರಳು ಅದನ್ನು ನೇರವಾಗಿ ಒತ್ತದ ಹೊರತು ಟ್ರಿಗರ್ ಹಿಂದೆ ಸರಿಯುವುದಿಲ್ಲ. ಸ್ಲೈಡ್‌ನೊಳಗಿನ ಎರಡನೆಯದು ಗುಂಡಿನ ಹಿಂಬದಿಗೆ ಹೊಡೆದು ಅದನ್ನು ಹಾರಿಸುವ ಫೈರಿಂಗ್ ಪಿನ್ ಮುಂದಕ್ಕೆ ಹೋಗದಂತೆ ತಡೆಯುತ್ತದೆ, ಮತ್ತು ಮೂರನೆಯದು ಪಿಸ್ತೂಲು ನೆಲಕ್ಕೆ ಬಿದ್ದರೂ ಪಿನ್ ಬಿಡುಗಡೆಯಾಗದಂತೆ ಹಿಡಿದಿಡುತ್ತದೆ. ಟ್ರಿಗರ್ ಎಳೆಯುತ್ತ ಹೋದಂತೆ ಮೂರೂ ಒಂದರ ಹಿಂದೊಂದು ತೆರೆದುಕೊಂಡು, ಬಿಟ್ಟೊಡನೆ ಮತ್ತೆ ಮುಚ್ಚಿಕೊಳ್ಳುತ್ತವೆ. ಪಿನ್ನಿಗೆ ಹೊಡೆಯುವ, ಹೊರಗೆ ಕಾಣುವ ಹ್ಯಾಮರ್ ಇಲ್ಲ. ಸ್ಲೈಡ್ ಹಿಂದಕ್ಕೆ ಹೋಗಿ ಬಂದಾಗ ಒಳಗಿನ ಪಿನ್ ಅರ್ಧದಷ್ಟು ಬಿಗಿದು ನಿಲ್ಲುತ್ತದೆ, ಉಳಿದರ್ಧವನ್ನು ಬೆರಳು ಮುಗಿಸುತ್ತದೆ.

ಬಿಚ್ಚಿ ನೋಡಿದ ಮೇಲೆ ನನಗನಿಸಿದ್ದೇನೆಂದರೆ, ಇದು ನೋಟಕ್ಕೆ ಬ್ರೌನಿಂಗ್‌ನ ತಮ್ಮನಂತೆ ಕಂಡರೂ ಸ್ವಭಾವದಲ್ಲಿ ರಿವಾಲ್ವರಿನ ಮೊಮ್ಮಗ. ರಿವಾಲ್ವರಿಗೂ ಹೆಬ್ಬೆರಳಿನ ಸೇಫ್ಟಿ ಇರಲಿಲ್ಲ, ಎಳೆದರೆ ಹಾರುತ್ತಿತ್ತು. ಆದರೆ ರಿವಾಲ್ವರಿನ ಎಳೆತ ಉದ್ದವಾದದ್ದು, ಭಾರವಾದದ್ದು; ಆ ಭಾರವೇ ಅದರ ಕಾವಲು. ಗ್ಲಾಕ್‌ನ ಎಳೆತ ಸುಮಾರು ಎರಡೂವರೆ ಕಿಲೋ, ಅದೂ ಒಂದು ಸೆಂಟಿಮೀಟರಿಗಿಂತ ಸ್ವಲ್ಪವೇ ಹೆಚ್ಚು ದೂರ. ಆದ್ದರಿಂದ ಗುರಿ ನಿಶ್ಚಯವಾಗುವವರೆಗೆ ಬೆರಳನ್ನು ಟ್ರಿಗರ್ ಗಾರ್ಡ್‌ನ ಹೊರಗೆ, ಚೌಕಟ್ಟಿನ ಉದ್ದಕ್ಕೆ ಚಾಚಿ ಇಡುವ ಅಭ್ಯಾಸವನ್ನು ನಾನು ಎಲ್ಲಕ್ಕಿಂತ ಮೊದಲು ಮಾಡಿಸಿದೆ.

ಇದಕ್ಕಿಂತಲೂ ನನ್ನನ್ನು ಹೆಚ್ಚು ಯೋಚನೆಗೆ ಹಚ್ಚಿದ ವ್ಯತ್ಯಾಸ ಇನ್ನೊಂದಿದೆ. ಬ್ರೌನಿಂಗ್‌ನಲ್ಲಿ ಮ್ಯಾಗಜೀನ್ ಹೊರತೆಗೆದರೆ ಟ್ರಿಗರ್ ಕೆಲಸ ಮಾಡುವುದಿಲ್ಲ. ಇದರಿಂದಾಗಿ "ಮ್ಯಾಗಜೀನ್ ತೆಗೆದಾಯಿತು, ಇನ್ನೇನೂ ಇಲ್ಲ" ಎಂಬ ನೆಮ್ಮದಿ ನಮ್ಮವರ ಕೈಗಳಲ್ಲಿ ಬೇರೂರಿದೆ. ಗ್ಲಾಕ್‌ನಲ್ಲಿ ಆ ಏರ್ಪಾಡು ಇಲ್ಲ. ಮ್ಯಾಗಜೀನ್ ಮೇಜಿನ ಮೇಲಿದ್ದರೂ ನಳಿಕೆಯ ಹಿಂಭಾಗದ ಗುಂಡಿನ ಗೂಡಾದ ಚೇಂಬರ್‌ನಲ್ಲಿ ಉಳಿದ ಗುಂಡು ಹಾರುತ್ತದೆ. ಸಾಲದ್ದಕ್ಕೆ, ಸ್ವಚ್ಛಗೊಳಿಸಲು ಸ್ಲೈಡ್ ಕಳಚಬೇಕಾದರೆ ಮೊದಲು ಟ್ರಿಗರ್ ಎಳೆಯಲೇಬೇಕು. ಈ ಎರಡು ಗುಣಗಳು ಒಂದೇ ಆಯುಧದಲ್ಲಿ ಸೇರಿರುವುದು ಇದರ ವಿನ್ಯಾಸದಲ್ಲಿ ನನಗೆ ಒಪ್ಪಿಗೆಯಾಗದ ಭಾಗ. ಟ್ರಿಗರ್ ಮುಟ್ಟದೆ, ಒಂದು ಲಿವರ್ ತಿರುಗಿಸಿ ಕಳಚಬಹುದಾದ ಸಿಗ್ ಪಿ320ರಂಥ ಪಿಸ್ತೂಲುಗಳು ಈ ವಿಷಯದಲ್ಲಿ ಮೇಲು. ನಾನು ಮಾಡಿದ ಏರ್ಪಾಡು ಸರಳವಾದದ್ದು: ಮ್ಯಾಗಜೀನ್ ತೆಗೆದು, ಸ್ಲೈಡನ್ನು ಹಿಂದಕ್ಕೆಳೆದು ನಿಲ್ಲಿಸಿ, ಚೇಂಬರನ್ನು ಕಣ್ಣಿನಿಂದ ನೋಡಿ, ಕಿರುಬೆರಳು ಹಾಕಿ ಮುಟ್ಟಿ, ಪಕ್ಕದವನಿಗೂ ತೋರಿಸಿ, ಆಮೇಲೆ ನಳಿಕೆಯನ್ನು ಮರಳಿನ ಪೆಟ್ಟಿಗೆಯ ಕಡೆಗೆ ಹಿಡಿದೇ ಟ್ರಿಗರ್ ಎಳೆಯುವುದು. ಬೆಳಕು ಕಡಿಮೆಯಿದ್ದಾಗ, ಹಾರಿದ ಗುಂಡಿನ ಕವಚವನ್ನು ಹೊರಗೆಳೆಯುವ ಕೊಕ್ಕೆಯಾದ ಎಕ್ಸ್‌ಟ್ರ್ಯಾಕ್ಟರನ್ನು ಬೆರಳಿನಿಂದ ಸವರಿದರೆ, ಚೇಂಬರ್‌ನಲ್ಲಿ ಗುಂಡಿದ್ದಾಗ ಅದು ತುಸು ಉಬ್ಬಿರುವುದು ತಿಳಿಯುತ್ತದೆ. ಅದನ್ನು ಹೆಚ್ಚುವರಿ ಸುಳಿವೆಂದು ಮಾತ್ರ ನಂಬಬೇಕು.

ಇಷ್ಟು ಹೇಳಿದ ಮೇಲೆ, ಕಳಚಿದಾಗಿನ ಸುಖವನ್ನೂ ಹೇಳಬೇಕು. ಚೌಕಟ್ಟು, ಸ್ಲೈಡ್, ಬ್ಯಾರೆಲ್, ಸ್ಪ್ರಿಂಗ್ ಎಂದು ನಾಲ್ಕೇ ಭಾಗ. ಪೂರ್ತಿ ಬಿಚ್ಚಲು ಪಿನ್ನುಗಳನ್ನು ತಳ್ಳುವ ಒಂದು ಸಣ್ಣ ಪಂಚ್ ಸಾಕು, ಸ್ಕ್ರೂಡ್ರೈವರ್ ಹುಡುಕಬೇಕಿಲ್ಲ. ಎಣ್ಣೆ ಬೇಕಾದದ್ದು ಕೆಲವೇ ಹನಿ. ಫೈರಿಂಗ್ ಪಿನ್ ಓಡಾಡುವ ಕೊಳವೆಗಂತೂ ಹಾಕಲೇಬಾರದು. ಕಲ್ಲುಕ್ವಾರಿಯ ಧೂಳು, ಬೇಸಿಗೆಯ ಕೆಂಪು ಮಣ್ಣು ಎರಡೂ ಇರುವ ನಮ್ಮ ಕಡೆ ಎಣ್ಣೆ ಹೆಚ್ಚಾದಷ್ಟೂ ಕೆಸರು ಹೆಚ್ಚು. ಆಯುಧಪೂಜೆಯ ಮರುದಿನ ಗಂಧ, ಕುಂಕುಮ ಒರೆಸುವುದೇ ನಮಗೊಂದು ದೊಡ್ಡ ಕೆಲಸ, ಏಕೆಂದರೆ ಒದ್ದೆ ಗಂಧ ಕುಳಿತ ಜಾಗದಲ್ಲಿ ಹಳೆಯ ಉಕ್ಕು ತುಕ್ಕು ಹಿಡಿಯುತ್ತಿತ್ತು. ಗ್ಲಾಕ್‌ನ ಸ್ಲೈಡ್‌ಗೆ ಕೊಟ್ಟಿರುವ ಮೇಲ್ಮೈ ಸಂಸ್ಕಾರ ತುಕ್ಕನ್ನು ಚೆನ್ನಾಗಿ ತಡೆಯುತ್ತದೆ, ಆದರೆ ಕುಂಕುಮದ ಪುಡಿ ಒಳಗೆ ಸೇರುವುದನ್ನು ಯಾವ ಸಂಸ್ಕಾರವೂ ತಡೆಯದು. ಪೂಜೆಗೆ ಮುಂಚೆ ಸ್ಲೈಡ್ ಮುಚ್ಚಿಡಿ, ತಿಲಕವನ್ನು ಹಿಡಿಯ ಮೇಲಷ್ಟೇ ಇಡಿ ಎಂದು ಹೇಳಿದ್ದೇನೆ.

ಹಾರಿಸುವಾಗ ಒದೆತ ನಾನೆಣಿಸಿದ್ದಕ್ಕಿಂತ ಕಡಿಮೆಯಿತ್ತು. ತೂಕ ಕಡಿಮೆಯಾದರೂ ಬ್ಯಾರೆಲ್ ಕೈಗೆ ಹತ್ತಿರವಾಗಿ ಕೆಳಗಿರುವುದರಿಂದ ಮೂತಿ ಬಹಳ ಮೇಲೇಳುವುದಿಲ್ಲ, ಬ್ರೌನಿಂಗ್‌ನ ಹ್ಯಾಮರ್ ಹೆಬ್ಬೆರಳಿನ ಸಂದಿಯನ್ನು ಕಚ್ಚುತ್ತಿದ್ದ ತೊಂದರೆಯೂ ಇಲ್ಲ. ಮುಂದಿನ ಸೈಟ್‌ನ ಬಿಳಿ ಚುಕ್ಕೆ ಹಿಂದಿನ ಬಿಳಿ ಅಂಚಿನೊಳಗೆ ಬೇಗ ಕೂರುತ್ತದೆ. ಹಿಡಿಯ ಹಿಂಬದಿಗೆ ಬೇರೆ ಬೇರೆ ದಪ್ಪದ ಪಟ್ಟಿ ಹಾಕುವ ಸೌಲಭ್ಯ 2010ರ ನಾಲ್ಕನೆಯ ಪೀಳಿಗೆಯಿಂದ ಬಂದಿದೆ. ಬೆರಳು ಚಿಕ್ಕದಿರುವ ಮಹಿಳಾ ಸಿಬ್ಬಂದಿಗೆ ಪಟ್ಟಿಯಿಲ್ಲದ ಹಿಡಿಯೇ ಸರಿಹೊಂದಿತು. ಎಡಗೈಯವರಿಗೆ ಮ್ಯಾಗಜೀನ್ ಬಿಡಿಸುವ ಗುಂಡಿಯನ್ನು ಬಲಬದಿಗೆ ಬದಲಿಸಿಕೊಟ್ಟೆ.

ಕೊನೆಯದಾಗಿ ಚೀಲದ ವಿಷಯ. ಬ್ರೌನಿಂಗ್‌ಗಾಗಿ ಹೊಲಿದ ಹಳೆಯ ಚರ್ಮದ ಹೋಲ್‌ಸ್ಟರ್‌ಗಳು ನಮ್ಮಲ್ಲಿ ಬೇಕಾದಷ್ಟಿದ್ದವು, ಗ್ಲಾಕ್ ಅವುಗಳಲ್ಲಿ ಹೇಗೋ ಕೂರುತ್ತಲೂ ಇತ್ತು. ಆದರೆ ಮೆತ್ತಗಾದ ಚರ್ಮದ ಮಡಿಕೆ ಟ್ರಿಗರ್ ಗಾರ್ಡ್‌ನೊಳಗೆ ನುಸುಳಿದರೆ ಅದೂ ಬೆರಳಿನ ಕೆಲಸವನ್ನೇ ಮಾಡಬಲ್ಲದು. ಟ್ರಿಗರ್ ಗಾರ್ಡನ್ನು ಪೂರ್ತಿ ಮುಚ್ಚುವ ಗಟ್ಟಿ ಹೋಲ್‌ಸ್ಟರ್ ಬರುವವರೆಗೆ ನಾನು ಆ ಪಿಸ್ತೂಲನ್ನು ಫೈರಿಂಗ್ ಅಭ್ಯಾಸಕ್ಕೆ ಬಿಟ್ಟು ಬೇರೆ ಕರ್ತವ್ಯಕ್ಕೆ ಕೊಡಲಿಲ್ಲ.