‘ನೀನು’ ಹೋಗಿ ‘ನೀವು’ ಬಂದಾಗ

ಮೂಡಿಗೆರೆ ಸಮೀಪದ ಕಾಫಿ ತೋಟವೊಂದರಲ್ಲಿ, ಅರೇಬಿಕಾ ಕೊಯ್ಲಿನ ನಡುವೆ, 3 ದಿನಗಳಲ್ಲಿ ನಾನು 14 ನಿಮಿಷಗಳ ಕಿರುಚಿತ್ರವೊಂದನ್ನು ಚಿತ್ರೀಕರಿಸಿದೆ. ಅದರ ಕಥೆ ಹೀಗೆ: ಅಕಾಲದಲ್ಲಿ ಮೋಡ ಕವಿದದ್ದರಿಂದ, ಕಣದಲ್ಲಿ ಅರೆಬರೆ ಒಣಗಿದ್ದ ಪಾರ್ಚ್‌ಮೆಂಟನ್ನು (ಹಣ್ಣಿನ ಸಿಪ್ಪೆ ತೆಗೆದ, ಒಳಹೊಟ್ಟು ಉಳಿದಿರುವ ಕಾಫಿ ಬೀಜವನ್ನು) ಅವಸರದಲ್ಲಿ ಚೀಲಕ್ಕೆ ತುಂಬಿ ತೂಗುತ್ತಾರೆ. ಬಿಸಿಲು ಬಂದ ಮೇಲೆ ಮತ್ತೆ ಹರವಿ, ಒಣಗಿಸಿ ತೂಗಿದಾಗ ಲೆಕ್ಕ ಕಡಿಮೆ ಬರುತ್ತದೆ. ಬೆಂಗಳೂರಿನಿಂದ ಬಂದ ಸಾಹುಕಾರರ ಮಗನಿಗೆ, ಗೋದಾಮಿನ ಬೀಗದ ಕೈ ಇಟ್ಟುಕೊಂಡಿರುವ ಹಳೆಯ ಆಳು ರಂಗಯ್ಯನ ಮೇಲೆ ಅನುಮಾನ ಹುಟ್ಟುತ್ತದೆ.

ಮೊದಲ ಕರಡಿನಲ್ಲಿ ರಂಗಯ್ಯ ಸಂಪೂರ್ಣ ನಿರಪರಾಧಿಯಾಗಿದ್ದ. ತೇವಾಂಶ ಶೇ 10ರ ಆಸುಪಾಸಿಗೆ ಇಳಿಯುವವರೆಗೂ ಪಾರ್ಚ್‌ಮೆಂಟಿನ ತೂಕ ಕಡಿಮೆಯಾಗುತ್ತಲೇ ಇರುತ್ತದೆ ಎಂಬುದು ತೋಟದವರಿಗೆಲ್ಲ ಗೊತ್ತಿರುವ ಸಂಗತಿಯಾದ್ದರಿಂದ, ಅದನ್ನು ಯಾರಾದರೊಬ್ಬರು ಬಾಯಿಬಿಟ್ಟು ಹೇಳಿದ ಕೂಡಲೇ ಕಥೆಯೇ ಮುಗಿದುಹೋಗುತ್ತಿತ್ತು. ಎರಡನೆಯ ಕರಡಿನಲ್ಲಿ ಅವನು ಮನೆಯ ಪುಡಿಗೆಂದು ಎರಡು ಸೇರಿನಷ್ಟನ್ನು ನಿಜಕ್ಕೂ ತೆಗೆದುಕೊಂಡಿರುತ್ತಾನೆ. ಹಾಗಾಗಿ ‘ಒಣಗಿ ಕಮ್ಮಿಯಾಗಿದೆ’ ಎಂಬ ಸತ್ಯವನ್ನು ಹೇಳುವಾಗಲೂ ಅವನಿಗೆ ತಲೆಯೆತ್ತಲಾಗುವುದಿಲ್ಲ.

ರಂಗಯ್ಯನ ಪಾತ್ರ ಮಾಡಿದವರು ತೋಟಗಳಲ್ಲಿ ರೈಟರ್ ಆಗಿ, ಎಂದರೆ ಆಳುಗಳ ಲೆಕ್ಕ ಬರೆಯುವವರಾಗಿ, ದುಡಿದವರು. ಮಗ ಗದರುವ ದೃಶ್ಯದ ತಾಲೀಮನ್ನು ಅವರೇ ನಿಲ್ಲಿಸಿದರು. “ಬೈದರೆ ಏನೂ ಅನ್ನಿಸಲ್ಲ ಸರ್, ಅದು ದಿನಾ ಇದ್ದದ್ದೇ. ಇದ್ದಕ್ಕಿದ್ದಂತೆ ‘ನೀವು’ ಅಂದರೆ ಮಾತ್ರ ಹೊಟ್ಟೆಯೊಳಗೆ ಭಯವಾಗುತ್ತೆ” ಎಂದರು. ಅಲ್ಲಿಯವರೆಗೆ ತಂದೆಯ ವಯಸ್ಸಿನವನನ್ನು “ಬಾರೋ ರಂಗ” ಎಂದು ಸಲಿಗೆಯಿಂದ ಕರೆಯುತ್ತಿದ್ದ ಹುಡುಗ, ದನಿ ಏರಿಸದೆ, “ರಂಗಯ್ಯನವರೇ, ನೀವು ಇಲ್ಲೊಂದು ಸಹಿ ಹಾಕಿ” ಎನ್ನುವಂತೆ ಬದಲಿಸಿದೆವು. ಬರೆದ ಒಂದೂವರೆ ಪುಟದ ಜಗಳ ಹೋಯಿತು. ನನಗೆ ಅದರ ಮೇಲೆ ಮೋಹವಿತ್ತು ಎಂಬುದನ್ನು ಒಪ್ಪಿಕೊಳ್ಳಬೇಕು. ಸಮೀಪದ ಶಾಟ್‌ಗಳನ್ನೂ ಕೈಬಿಟ್ಟು, ಜಗಲಿಯ ಮೇಲಿನ ಕುರ್ಚಿ ಮತ್ತು ಅಂಗಳದಲ್ಲಿ ನಿಂತ ಮನುಷ್ಯ ಒಂದೇ ಚೌಕಟ್ಟಿನಲ್ಲಿ ಕಾಣುವಷ್ಟು ಕ್ಯಾಮೆರಾವನ್ನು ಹಿಂದಕ್ಕೆ ಒಯ್ದೆ.

ಕೊಯ್ದ ಹಣ್ಣನ್ನು ಅಂದೇ ಪಲ್ಪರಿಗೆ (ಸಿಪ್ಪೆ ಬಿಡಿಸುವ ಯಂತ್ರಕ್ಕೆ) ಹಾಕಬೇಕಾದ್ದರಿಂದ, ಸದ್ದಾಗುತ್ತದೆ, ಸಂಜೆ ಯಂತ್ರ ನಿಲ್ಲಿಸಿರೆಂದು ಕೇಳುವಂತಿರಲಿಲ್ಲ; ಸಂಭಾಷಣೆಯನ್ನೆಲ್ಲ ಬೆಳಗ್ಗೆಯೇ ಮುಗಿಸಿದೆವು.

ತೊಡಕಾದದ್ದು ಇಂಗ್ಲಿಷ್ ಸಬ್‌ಟೈಟಲ್. ‘ನೀನು’, ‘ನೀವು’ ಎರಡೂ ಅಲ್ಲಿ ‘ಯೂ’ ಆಗಿ, ಇಡೀ ಚಿತ್ರ ಯಾವ ಮಾತಿನ ಮೇಲೆ ನಿಂತಿತ್ತೋ ಅದೇ ಕಾಣದಾಯಿತು. ‘ನೀವು’ ಬರುವ ಕಡೆ ಹೆಸರಿಗೆ ‘ಮಿಸ್ಟರ್’ ಸೇರಿಸಿ ನೋಡಿದೆವು, ನೋಡಿದವರು ನಕ್ಕರು. ಈಗ ಅದನ್ನು ತೆಗೆದು, ಆ ಮಾತಿನ ನಂತರದ ಮೌನವನ್ನು ಎರಡು ಸೆಕೆಂಡು ಉದ್ದ ಮಾಡಿದ್ದೇನೆ.