ಮೂರನೇ ಲೆಗ್‌ಗೆ 400 ಮೀಟರ್ ಹುಡುಗಿ: 4×100 ರಿಲೇಯಲ್ಲಿ ನನ್ನ ಅನುಭವ

100 ಮೀಟರನ್ನು 12.9 ಸೆಕೆಂಡಿಗೆ ಓಡುವವಳನ್ನು ಹೊರಗೆ ಕೂರಿಸಿ, 13.1ರವಳನ್ನು 4×100ರ ಮೂರನೇ ಲೆಗ್‌ಗೆ, ಅಂದರೆ ಮೂರನೆಯವಳ ಓಟಕ್ಕೆ, ಹಾಕಿದಾಗ ಮೈದಾನದಲ್ಲಿ ಒಬ್ಬರೂ ಒಪ್ಪಲಿಲ್ಲ. ಅವಳು 400 ಮೀಟರ್‌ನವಳು, ರಿಲೇಯಲ್ಲಿ ಅವಳ ಜಾಗ 4×400 ಅಂದರು. ನಾನು ತರಬೇತಿ ಕೊಡುವ ಕಾಲೇಜು ಹುಡುಗಿಯರ ಅದೇ ತಂಡ ಒಂದು ಸೀಸನ್‌ನಲ್ಲಿ 50.6ರಿಂದ 49.0ಕ್ಕೆ ಬಂದಿದೆ. ಇದು ಸ್ಟಾಪ್‌ವಾಚ್ ಲೆಕ್ಕ, ಎಲೆಕ್ಟ್ರಾನಿಕ್‌ನಲ್ಲಿ 49.2 ಇದ್ದ ನೆನಪು. ಅದಕ್ಕೇ ಬರೆಯುತ್ತಿದ್ದೇನೆ.

ಮೊದಲು ನಾನು ಹಿಡಿದ ಒಂದೇ ಲೆಕ್ಕ ಹೇಳುತ್ತೇನೆ. ನಾಲ್ವರ 100 ಮೀಟರ್ ಸಮಯ ಕೂಡಿಸಿ, ಅದರಲ್ಲಿ ರಿಲೇ ಸಮಯ ಕಳೆಯಿರಿ. ಹಳೆಯ ತಂಡದ ಮೊತ್ತ 50.9, ರಿಲೇ 50.6. ಅಂದರೆ ಬ್ಯಾಟನ್ ಬದಲಾವಣೆಯಿಂದ ದಕ್ಕಿದ್ದು ಬರೀ 0.3. ಓಡುತ್ತಲೇ ಬ್ಯಾಟನ್ ತಗೊಳ್ಳುವ ಮೂವರಿಗೆ ನಿಂತಲ್ಲಿಂದ ಹೊರಡುವ ನಷ್ಟವೇ ಇಲ್ಲ, ಹಾಗಾಗಿ ಕನಿಷ್ಠ ಎರಡು ಸೆಕೆಂಡ್ ಉಳಿಯಬೇಕು. ಈಗಿನ ತಂಡದ ಮೊತ್ತ 51.1, ಹಳೆಯದಕ್ಕಿಂತ ಹೆಚ್ಚು. ಉಳಿತಾಯ ಮಾತ್ರ 2.1.

ಈ ದಾರಿ ಹೊಳೆದದ್ದು ಸ್ಪೇನ್ ಹುಡುಗಿಯರನ್ನು ನೋಡಿ. 2025ರ ಮೇ ತಿಂಗಳಲ್ಲಿ ಗುವಾಂಗ್‌ಝೌನಲ್ಲಿ ವಿಶ್ವ ರಿಲೇ ಕೂಟ ನಡೆಯಿತು. ನಮ್ಮ ಅಶ್ವಿನಿ ಅಕ್ಕುಂಜಿ 2010ರ ಏಷ್ಯನ್ ಗೇಮ್ಸ್‌ನಲ್ಲಿ 400 ಮೀಟರ್ ಹರ್ಡಲ್ಸ್ ಮತ್ತು 4×400 ಎರಡರಲ್ಲೂ ಚಿನ್ನ ಗೆದ್ದ ಊರು ಅದು. ಅಲ್ಲಿ ಬ್ರಿಟನ್ 42.21ಕ್ಕೆ 4×100 ಗೆದ್ದಿತು. ಸ್ಪೇನ್ 42.28ಕ್ಕೆ ಬೆಳ್ಳಿ ತಗೊಂಡಿತು, ಜಮೈಕಾ 42.33ಕ್ಕೆ ಅದರ ಹಿಂದೆ. ಆ ದಿನದವರೆಗೆ ಸ್ಪೇನ್ ಪರ 100 ಮೀಟರನ್ನು 11 ಸೆಕೆಂಡಿನೊಳಗೆ ಓಡಿದ ಒಬ್ಬ ಮಹಿಳೆಯೂ ಇರಲಿಲ್ಲ. ಜಮೈಕಾದಲ್ಲಿ ಅಂಥವರು ಎಷ್ಟು ಜನ ಎಂದು ನಿಮಗೇ ಗೊತ್ತು.

ನಾನು ಅಲ್ಲಿ ನೋಡಿದ್ದು ಮೂರನೇ ಲೆಗ್‌ನ ಪೌಲಾ ಸೆವಿಲ್ಯಾ ಅವರನ್ನು. ಸಿಯುದಾದ್ ರಿಯಲ್ ಪ್ರಾಂತ್ಯದ ಲಾ ಸೊಲಾನಾ ಊರಿನವರು, 1997ರಲ್ಲಿ ಹುಟ್ಟಿದವರು. 2025ರ ಮಾರ್ಚ್‌ನಲ್ಲಷ್ಟೇ ಅಪೆಲ್‌ಡೋರ್ನ್‌ನ ಯುರೋಪಿಯನ್ ಒಳಾಂಗಣ ಕೂಟದಲ್ಲಿ 400 ಮೀಟರ್‌ನಲ್ಲಿ 50.99ಕ್ಕೆ ಕಂಚು ಗೆದ್ದಿದ್ದರು. ಗುವಾಂಗ್‌ಝೌನ ಅದೇ ಎರಡು ದಿನದ ಕೂಟದಲ್ಲಿ 4×400ರ ಮೊದಲ ಲೆಗ್ ಕೂಡ ಅವರದೇ. ಎವಾ ಸಾಂತಿದ್ರಿಯಾನ್, ದಾನಿಯೆಲಾ ಫ್ರಾ, ಬ್ಲಾಂಕಾ ಎರ್ವಾಸ್ ಜೊತೆ 3:24.13ಕ್ಕೆ ಚಿನ್ನ. 400ರ ಕಾಲು ಇರುವವಳು 4×100ರ ಬೆಂಡ್‌ನಲ್ಲೂ (ಟ್ರ್ಯಾಕ್‌ನ ತಿರುವಿನಲ್ಲೂ) ನಿಲ್ಲುತ್ತಾಳೆ ಅನ್ನುವುದಕ್ಕೆ ಇದಕ್ಕಿಂತ ಸಾಕ್ಷಿ ನನಗೆ ಬೇಕಿರಲಿಲ್ಲ.

ಇನ್ನೊಂದು ಸಂಗತಿ ಬೆಂಚ್ ಮೇಲಿನ ಹುಡುಗಿಯರಿಗೂ ಗೊತ್ತಿರಬೇಕು. 2022ರಲ್ಲಿ ಯೂಜೀನ್ ವಿಶ್ವ ಚಾಂಪಿಯನ್‌ಶಿಪ್‌ನಲ್ಲಿ ಸ್ಪೇನ್ ಐದನೇ ಸ್ಥಾನ ಪಡೆದಾಗ ಎರಡನೇ ಲೆಗ್ ಜಾಯೆಲ್ ಬೆಸ್ತುವೆ, ಮೂರನೆಯದು ಸೆವಿಲ್ಯಾ, ನಾಲ್ಕನೆಯದು ಮಾರಿಯಾ ಇಸಬೆಲ್ ಪೆರೆಸ್. ಮೂರು ವರ್ಷದ ನಂತರ ಗುವಾಂಗ್‌ಝೌನಲ್ಲೂ ಅದೇ ಮೂವರು, ಅದೇ ಜಾಗಗಳಲ್ಲಿ. ಬದಲಾದದ್ದು ಮೊದಲ ಲೆಗ್ ಮಾತ್ರ, ಅಲ್ಲಿ ಎಸ್ಪೆರಾನ್ಸಾ ಕ್ಲಾದೆರಾ ಬಂದರು. ನಾವೋ, ಆ ವಾರದ ಟ್ರಯಲ್ಸ್‌ನಲ್ಲಿ ಯಾರು ಮುಂದೆ ಬಂದರೋ ಅವರನ್ನು ನೋಡಿಕೊಂಡು ಪ್ರತಿ ಕೂಟಕ್ಕೂ ಆರ್ಡರ್ ಬದಲಿಸುತ್ತೇವೆ. ಆರ್ಡರ್ ಬದಲಾದರೆ ಚೆಕ್ ಮಾರ್ಕ್‌ಗಳೂ (ಹಿಂದಿನವಳು ದಾಟಿದ ಕೂಡಲೇ ಮುಂದಿನವಳು ಹೊರಡಬೇಕಾದ ಗುರುತುಗಳು) ಹೊಸದಾಗಬೇಕು, ತಿಂಗಳ ಕೆಲಸ ನೀರುಪಾಲು.

ಮೂರನೇ ಲೆಗ್‌ಗೆ 400ರವಳು ಯಾಕೆ ಎಂದರೆ, ಅವಳು ಜೋರಾಗಿ ಓಡುತ್ತಾಳೆ ಅಂತಲ್ಲ. ಕೊನೆಯಲ್ಲಿ ಅವಳ ವೇಗ ಬೀಳುವುದಿಲ್ಲ ಅಂತ. ಮೂರನೆಯವಳು ತಗೊಳ್ಳಬೇಕು, ಕೊಡಲೂ ಬೇಕು. ಬ್ಯಾಟನ್ ಕೈ ಬದಲಾಗಬೇಕಾದ ಝೋನ್ 30 ಮೀಟರ್ ಆದ ಮೇಲೆ ಅವಳ ಕಾಲಿಗೆ 125 ಮೀಟರ್‌ವರೆಗೆ ಬೀಳುತ್ತದೆ, ಅದರಲ್ಲಿ ಹೆಚ್ಚಿನದು ಬೆಂಡ್. ನಮ್ಮ 12.9ರವಳ ಕೊನೆಯ 30 ಮೀಟರ್ ಅಳೆದೆ. ದಣಿವಿಲ್ಲದ ದಿನ ಸೆಕೆಂಡಿಗೆ 8.0 ಮೀಟರ್, ಹೀಟ್ಸ್ (ಆರಂಭಿಕ ಸುತ್ತು) ಓಡಿ ಬಂದ ಮೇಲೆ 7.4. 400ರವಳದು 7.8, ದಣಿದಾಗ 7.7.

ಇದನ್ನು ಚೆಕ್ ಮಾರ್ಕ್‌ಗೆ ಹಾಕಿ ನೋಡಿ. ನಾಲ್ಕನೆಯವಳಿಗೆ ಬ್ಯಾಟನ್ ಝೋನ್‌ನ 25ನೇ ಮೀಟರ್‌ನಲ್ಲಿ ಸಿಗಬೇಕು ಎಂದು ಇಟ್ಟುಕೊಳ್ಳೋಣ. ಅಲ್ಲಿಗೆ ಬರಲು ಅವಳಿಗೆ 3.9 ಸೆಕೆಂಡ್ ಬೇಕು. ಇಬ್ಬರೂ ಕೈ ಚಾಚಿದಾಗ ಸಿಗುವ ಅಂತರ ಸುಮಾರು 1 ಮೀಟರ್, ಹಾಗಾಗಿ ಕೊಡುವವಳು 24ನೇ ಮೀಟರ್‌ನಲ್ಲಿದ್ದರೆ ಸಾಕು. ಕೊಡುವವಳ ವೇಗವನ್ನು 3.9ರಿಂದ ಗುಣಿಸಿ 24 ಕಳೆದರೆ, ಝೋನ್ ಶುರುವಿನಿಂದ ಹಿಂದಕ್ಕೆ ಮಾರ್ಕ್‌ನ ದೂರ ಸಿಗುತ್ತದೆ. 12.9ರವಳಿಗೆ ಒಂದು ದಿನ 7.2 ಮೀಟರ್, ಇನ್ನೊಂದು ದಿನ 4.9. ಪಾದದ ಲೆಕ್ಕದಲ್ಲಿ (ಒಂದು ಪಾದ ಅಂದರೆ ಹುಡುಗಿಯ 24 ಸೆಂಟಿಮೀಟರ್ ಶೂ) ಒಂಬತ್ತು ಹತ್ತು ಪಾದದ ಏರುಪೇರು. ಯಾವ ದಿನ ಎಲ್ಲಿ ಟೇಪ್ ಅಂಟಿಸುವುದು? 400ರವಳಿಗೆ 6.4 ಮತ್ತು 6.0, ಎರಡು ಪಾದವೂ ಇಲ್ಲ. ನಾಲ್ಕನೆಯವಳು ಕಣ್ಣುಮುಚ್ಚಿ ಹೊರಡಬಹುದು. ನಮ್ಮದು 26 ಪಾದಕ್ಕೆ ನಿಂತಿತು.

ಮೊದಲ ತಿಂಗಳು ನಾನು ಕೆಟ್ಟದ್ದು ಇದೇ ಲೆಕ್ಕದಲ್ಲಿ. ಕೊಡುವವಳ ವೇಗವನ್ನು ಫ್ಲೈಯಿಂಗ್ 20ರಲ್ಲಿ (ಓಡುತ್ತಾ ಬಂದು ಪೂರ್ತಿ ವೇಗದಲ್ಲಿ ದಾಟುವ 20 ಮೀಟರ್) ಅಳೆದಿದ್ದೆ. 8.4 ಬಂತು, ಮಾರ್ಕ್ 36 ಪಾದಕ್ಕೆ ಹೋಯಿತು. ತಗೊಳ್ಳುವವಳು ತುಂಬಾ ಬೇಗ ಹೊರಟು, ಹಿಂದಿನವಳು ಕೈ ಚಾಚಿಕೊಂಡೇ ಅಟ್ಟಿಸಿಕೊಂಡು ಹೋಗಿ, ಒಂದು ಅಂತರ ಕಾಲೇಜು ಕೂಟದಲ್ಲಿ ಬ್ಯಾಟನ್ ಝೋನ್ ಗೆರೆ ದಾಟಿದ ಮೇಲೆ ಕೈ ಬದಲಾಯಿತು. ಡಿಸ್‌ಕ್ವಾಲಿಫೈ. ಸರಿಯಾದ ಕ್ರಮ ಇದು: ಅವಳನ್ನು ಬೆಂಡ್‌ನಲ್ಲಿ ಪೂರ್ತಿ 120 ಮೀಟರ್ ಓಡಿಸಿ, ಕೊನೆಯ 30 ಮೀಟರ್ ಮಾತ್ರ ಅಳೆಯಿರಿ. ತಗೊಳ್ಳುವವಳ ಸಮಯವನ್ನೂ ಅವಳ ಕಾಲು ಎದ್ದ ಫ್ರೇಮ್‌ನಿಂದ ಹಿಡಿಯಬೇಡಿ, ಕೊಡುವವಳು ಮಾರ್ಕ್ ದಾಟಿದ ಫ್ರೇಮ್‌ನಿಂದ ಹಿಡಿಯಿರಿ. ಆಗ ಅವಳು ಪ್ರತಿಕ್ರಿಯಿಸಲು ತಗೊಳ್ಳುವ ಹೊತ್ತು ತಾನೇ ಸೇರಿಕೊಳ್ಳುತ್ತದೆ. ಫೋನ್‌ನಲ್ಲಿ ಸೆಕೆಂಡಿಗೆ 240 ಫ್ರೇಮ್‌ನ ಸ್ಲೋ ಮೋಷನ್ ಇದ್ದರೆ ಬೇರೆ ಉಪಕರಣ ಬೇಡ. ಝೋನ್‌ನ ಎರಡೂ ಗೆರೆಗೆ ಒಂದೊಂದು ಕೋನ್, ಫೋನ್ ಇಪ್ಪತ್ತು ಮೀಟರ್ ಆಚೆ ಸ್ಟ್ಯಾಂಡ್ ಮೇಲೆ. ಅಳೆಯಬೇಕಾದ್ದು ಬ್ಯಾಟನ್ ಝೋನ್ ಒಳಗೆ ಬಂದು ಹೊರಗೆ ಹೋಗುವವರೆಗಿನ ಸಮಯ. ನಮ್ಮದು ಮೊದಲು 4.3 ಇತ್ತು, ಈಗ 3.85. ಮೂರು ಬದಲಾವಣೆಗೆ 1.35 ಸೆಕೆಂಡ್ ಅಲ್ಲೇ ಬಂತು. ಉಳಿದ ಕಾಲು ಸೆಕೆಂಡ್ ಮೂರನೇ ಲೆಗ್‌ನದು.

ಝೋನ್‌ನಲ್ಲಿ ಎಲ್ಲಿ ಕೊಡಬೇಕು ಅನ್ನುವುದೂ ಮೂರಕ್ಕೂ ಒಂದೇ ಅಲ್ಲ. ಎರಡನೆಯವಳಿಂದ ಮೂರನೆಯವಳಿಗೆ ಸ್ವಲ್ಪ ಬೇಗ, 17ನೇ ಮೀಟರ್ ಸುತ್ತ. ಮೂರನೆಯವಳಿಂದ ನಾಲ್ಕನೆಯವಳಿಗೆ ತಡವಾಗಿ, 25ರ ಸುತ್ತ. ಬ್ಯಾಟನ್ ಹೆಚ್ಚು ಹೊತ್ತು 400ರವಳ ಕೈಯಲ್ಲೇ ಇರುತ್ತದೆ. ಆಸೆ ಹೆಚ್ಚಾಗಿ ಮೊದಲ ಜಾಗವನ್ನು 12ನೇ ಮೀಟರ್‌ಗೆ ಎಳೆದೆ. ತಗೊಳ್ಳುವವಳು ಇನ್ನೂ ವೇಗಕ್ಕೆ ಬಂದಿರಲ್ಲ, ಹಿಂದಿನವಳು ಬ್ರೇಕ್ ಹಾಕಲೇಬೇಕು. 0.2 ಹೋಯಿತು. ಎರಡು ವಾರಕ್ಕೆ ಬಿಟ್ಟೆ. 25ನ್ನು 27ಕ್ಕೂ ತಳ್ಳಬೇಡಿ, ಗೆರೆ ಹತ್ತಿರ ಬಂತೆಂದು ಗೊತ್ತಾದ ಕೂಡಲೇ ನಾಲ್ಕನೆಯವಳು ತಿರುಗಿ ನೋಡುತ್ತಾಳೆ.

ಬ್ಯಾಟನ್ ಹಿಡಿಯುವ ಕೈ ವಿಷಯ ನಿಮಗೆಲ್ಲ ಗೊತ್ತೇ ಇದೆ: ಮೊದಲನೆಯವಳಿಂದ ಕ್ರಮವಾಗಿ ಬಲ, ಎಡ, ಬಲ, ಎಡ. ಓಟದ ಮಧ್ಯೆ ಕೈ ಬದಲಿಸುವುದು ಬೇಡವೇ ಬೇಡ. ನಾವು ಬ್ಯಾಟನ್ ಬೀಳಿಸಿದ ಎರಡೂ ಸಲ ಅಲ್ಲೇ. ನಾನು ಪುಶ್ ಪಾಸ್‌ಗೆ ಬಂದೆ, ಬ್ಯಾಟನ್ ನೆಟ್ಟಗೆ ಹಿಡಿದು ಅಂಗೈಗೆ ನೇರವಾಗಿ ಒತ್ತುವುದು. ಕೆಳಗಿನಿಂದ ಮೇಲಕ್ಕೆ ಕೊಡುವುದು ಕಲಿಯಲು ಸುಲಭ, ಆದರೆ ಪ್ರತಿ ಬದಲಾವಣೆಗೂ ಹಿಡಿಯಲು ಉಳಿಯುವ ತುದಿ ಗಿಡ್ಡವಾಗುತ್ತಾ ಹೋಗಿ ನಾಲ್ಕನೆಯವಳಿಗೆ ಏನೂ ಸಿಗುವುದಿಲ್ಲ.

ಕರೆಯುವುದರಲ್ಲಿ ದೊಡ್ಡ ನಷ್ಟ ಇತ್ತು. ಕೊಡುವವಳು ಮೂರು ಮೀಟರ್ ಹಿಂದಿರುವಾಗಲೇ ಕೂಗುತ್ತಿದ್ದಳು. ಮುಂದಿನವಳು ಕೈ ಹಿಂದಕ್ಕೆ ಚಾಚಿಕೊಂಡು ನಾಲ್ಕು ಹೆಜ್ಜೆ ಓಡುತ್ತಿದ್ದಳು, ಪ್ರತಿ ಹೆಜ್ಜೆಗೂ ವೇಗ ಇಳಿಯುತ್ತಿತ್ತು. ಈಗ ಕೂಗಿದ ಮೇಲೆ ಕೈ ಒಂದು ಬೀಸು ಮುಗಿಸಿ ಆಮೇಲೆ ಹಿಂದಕ್ಕೆ ಬರುತ್ತದೆ, ಎರಡನೇ ಹೆಜ್ಜೆಗೆ ಬ್ಯಾಟನ್ ಕೈಯಲ್ಲಿ. ಕೂಟದಲ್ಲಿ ಎಂಟು ಲೇನ್‌ನಲ್ಲೂ ‘ಹ್ಯಾಂಡ್’ ಅಂತಲೇ ಕೂಗುತ್ತಾರೆ, ಮೇಲೆ ಮೈಕ್‌ನಲ್ಲಿ ಕಾಮೆಂಟ್ರಿ. ಪಕ್ಕದ ಲೇನ್‌ನವಳ ಕೂಗಿಗೆ ನಮ್ಮವಳು ಕೈ ಚಾಚಿದ್ದೂ ಆಗಿದೆ. ನಾವು ಬೇರೆ ಪದ ಇಟ್ಟುಕೊಂಡಿದ್ದೇವೆ, ಜೋಡಿಗೊಂದು. ಅದು ಯಾವುದೆಂದು ಇಲ್ಲಿ ಬರೆಯಲ್ಲ. ಇನ್ನೂ ಎರಡು ಸೀಸನ್ ಇದೇ ಹುಡುಗಿಯರು ಓಡುವವರು.

ಅಭ್ಯಾಸ ವಾರಕ್ಕೆ ಎರಡು ದಿನ, ಒಂದು ದಿನಕ್ಕೆ ಪೂರ್ತಿ ವೇಗದ ಬದಲಾವಣೆ ಐದೇ. ಮಧ್ಯೆ ಏಳೆಂಟು ನಿಮಿಷ ಬಿಡುವು. ಜಾಗಿಂಗ್ ಮಾಡುತ್ತಾ ನೂರು ಸಲ ಬ್ಯಾಟನ್ ಕೊಟ್ಟರೆ ಕೈ ಪಳಗುತ್ತದೆ, ಮಾರ್ಕ್ ಪಳಗುವುದಿಲ್ಲ. ಆರನೆಯದಕ್ಕೆ ಹೋದಾಗಲೆಲ್ಲ ವೇಗ ಬಿದ್ದು, ಸರಿಯಾಗಿದ್ದ ಮಾರ್ಕನ್ನು ನಾನೇ ಹಿಂದೆ ಮುಂದೆ ಮಾಡಿ ಕೆಡಿಸಿದ್ದೇನೆ.

ಖರ್ಚು. ಅಲ್ಯೂಮಿನಿಯಂ ಬ್ಯಾಟನ್ ಆರರ ಸೆಟ್‌ಗೆ ಸಾವಿರದ ಹತ್ತಿರ ಕೊಟ್ಟೆ. ಮಣ್ಣಿನ ಟ್ರ್ಯಾಕ್‌ನಲ್ಲಿ ಬಿದ್ದು ಬಿದ್ದು ತುದಿ ನುಗ್ಗಾಗಿ ಅಂಗೈ ಕೊಯ್ಯತೊಡಗಿದವು. ಆಮೇಲೆ ನೀರಾವರಿ ಅಂಗಡಿಯಿಂದ 40 ಎಂಎಂ ಪಿವಿಸಿ ಪೈಪ್ ಒಂದು ಉದ್ದ ತಂದು 29 ಸೆಂಟಿಮೀಟರ್‌ಗೆ ಕತ್ತರಿಸಿದೆ. ಆರು ಮೀಟರ್ ಪೈಪ್‌ನಲ್ಲಿ ಇಪ್ಪತ್ತು ಬಂದವು, ಮುನ್ನೂರು ರೂಪಾಯಿ ಒಳಗೆ. ನಿಯಮದ ಬ್ಯಾಟನ್ 28ರಿಂದ 30 ಸೆಂಟಿಮೀಟರ್ ಉದ್ದ, 4 ಸೆಂಟಿಮೀಟರ್ ದಪ್ಪ, ಕನಿಷ್ಠ 50 ಗ್ರಾಂ. ಪೈಪ್ ತುಂಡು ಎಲ್ಲಕ್ಕೂ ಹೊಂದುತ್ತದೆ. ತುದಿಯನ್ನು ಮರಳು ಕಾಗದದಲ್ಲಿ ಉಜ್ಜದಿದ್ದರೆ ಅದೂ ಕೊಯ್ಯುತ್ತದೆ. ದೊಡ್ಡ ಖರ್ಚು ಸಿಂಥೆಟಿಕ್ ಟ್ರ್ಯಾಕ್‌ಗೆ ಹೋಗಿ ಬರುವುದು. ಬಸ್ಸು, ಟ್ರ್ಯಾಕ್ ಶುಲ್ಕ, ಊಟ ಸೇರಿ ಒಂದು ಸಲಕ್ಕೆ ಎರಡು ಸಾವಿರ ಮುಟ್ಟುತ್ತಿತ್ತು, ಆರು ಸಲ ಹೋದೆವು. ಸ್ಪೈಕ್ಸ್ ಜೋಡಿಗೆ ಎರಡೂವರೆ ಸಾವಿರ. ಎಲ್ಲ ಸೇರಿ ಇಪ್ಪತ್ನಾಲ್ಕು ಇಪ್ಪತ್ತೈದು ಸಾವಿರ ಆಗಿರಬೇಕು. ಮಂಜೂರಾಗಿದ್ದು ಅದರ ಅರ್ಧ.

ಆದರೂ ಸಿಂಥೆಟಿಕ್‌ಗೆ ಹೋಗದೆ ಕೂಟಕ್ಕೆ ಇಳಿಯಬೇಡಿ. ಮಣ್ಣಿನ ಮಾರ್ಕ್ ಅಲ್ಲಿ ನಡೆಯುವುದಿಲ್ಲ. ಇಬ್ಬರ ವೇಗವೂ ಏರುತ್ತದೆ, ಆದರೆ ನಿಂತಲ್ಲಿಂದ ಹೊರಡುವವಳಿಗೆ ಕಾಲು ಜಾರದ ನೆಲದ ಲಾಭ ಹೆಚ್ಚು. ನಮಗೆ ಮಾರ್ಕ್ ಎರಡು ಪಾದ ಕಡಿಮೆಯಾಯಿತು, ಮೇಲೆ ಹೇಳಿದ 26 ಸಿಂಥೆಟಿಕ್‌ನದು, ಮಣ್ಣಿನಲ್ಲಿ 28. ಮಣ್ಣಿನಲ್ಲಿ ಸುಣ್ಣದ ಗೆರೆ ಎಳೆದು ಅಭ್ಯಾಸ ಮಾಡುತ್ತೇವೆ. ಸಿಂಥೆಟಿಕ್‌ನಲ್ಲಿ ಟೇಪ್ ಒಂದೇ, ಗರಿಷ್ಠ 5 ಸೆಂಟಿಮೀಟರ್ ಅಗಲ, 40 ಉದ್ದ. ಟ್ರ್ಯಾಕ್ ಗುರುತುಗಳ ಬಣ್ಣ ಬೇಡ. ಟೇಪ್ ನೀವೇ ಕತ್ತರಿಸಿ ಒಯ್ಯಿರಿ, ಪಾದವನ್ನು ಹುಡುಗಿಯೇ ಅಳೆಯಲಿ.

ಸೆವಿಲ್ಯಾ ಥರ ಎರಡೂ ರಿಲೇ ಓಡಿಸಿ ನೋಡೋಣ ಅಂತ ಅದನ್ನೂ ಮಾಡಿದೆ. ಒಂದೇ ದಿನ 4×100 ಮೂರನೇ ಲೆಗ್, ಎರಡು ಗಂಟೆ ಬಿಟ್ಟು 4×400 ಮೊದಲ ಲೆಗ್. 4×400ರಲ್ಲಿ ಅವಳು ತನ್ನ ಮಾಮೂಲಿಗಿಂತ ಒಂದೂವರೆ ಸೆಕೆಂಡ್ ನಿಧಾನ, ಆದರೂ ಲೇನ್‌ನಲ್ಲೇ ಓಡುವ ಮೊದಲ ಲೆಗ್ ಆದ್ದರಿಂದ ನೂಕಾಟ ಇಲ್ಲ, ತಂಡ ಮೂರನೇ ಸ್ಥಾನ ಹಿಡಿಯಿತು. 4×400 ಮೊದಲಿದ್ದ ಕೂಟದಲ್ಲಿ ಮಾತ್ರ ಲೆಕ್ಕ ಕೆಟ್ಟಿತು. 7.7ಕ್ಕೆ ನಿಲ್ಲಬೇಕಾದವಳು 7.4ಕ್ಕೆ ಬಂದಳು, ನಾಲ್ಕನೆಯವಳು ನಿಂತು ಕಾಯಬೇಕಾಯಿತು. ಈಗ ಕಾರ್ಯಕ್ರಮ ಪಟ್ಟಿಯಲ್ಲಿ 4×400 ಮೊದಲಿದ್ದರೆ ಅವಳನ್ನು ಅದರಲ್ಲಿ ಹಾಕುವುದಿಲ್ಲ. ಹಾಕಲೇಬೇಕಾದರೆ ಮಾರ್ಕನ್ನು ಐದು ಪಾದ ಒಳಕ್ಕೆ ತರಬೇಕು. ಅಭ್ಯಾಸದಲ್ಲಿ 300 ಮೀಟರ್ ಓಡಿಸಿ ದಣಿಸಿ, ಆ 21 ಪಾದದ ಮಾರ್ಕ್‌ನಲ್ಲಿ ನಾಲ್ಕು ಸಲ ಕೊಡಿಸಿದೆ, ಮೂರು ಸರಿ ಬಂದವು.