ಇತಿಹಾಸದ ನಾಟಕಕ್ಕೆ ಒಂದು ವೀರಗಲ್ಲು ಸಾಕು
ಮಕ್ಕಳಿಂದ ಇತಿಹಾಸದ ನಾಟಕ ಮಾಡಿಸುವವರು ರಾಜನ ಆಸ್ಥಾನ ಬಿಟ್ಟು ಒಂದೇ ಒಂದು ಶಾಸನ ಹಿಡಿಯಿರಿ. ಮಂಡ್ಯ ಜಿಲ್ಲೆಯ ಆತಕೂರಿನ ವೀರಗಲ್ಲನ್ನೇ ನೋಡಿ, ಸುಮಾರು 950ರದ್ದು. ಯುದ್ಧದಲ್ಲಿ ಮೆರೆದ ಯೋಧ ಮಣಲೇರನಿಗೆ ಏನು ಬೇಕು ಕೇಳು ಅನ್ನುತ್ತಾನೆ ಗಂಗರ ದೊರೆ ಬೂತುಗ. ಅವನು ಕೇಳಿದ್ದು ಕಾಳಿ ಅನ್ನೋ ನಾಯಿಯನ್ನು! ಆಮೇಲೆ ಆ ನಾಯಿ ಕಾಡುಹಂದಿಯ ಜೊತೆ ಹೋರಾಡಿ, ಎರಡೂ ಸತ್ತವು. ಪಾತ್ರ, ಆಸೆ, ಸಾವು ಎಲ್ಲ ಕಲ್ಲಿನಲ್ಲೇ ಇರುವುದರಿಂದ ಸುಮ್ನೆ ವೀರಾವೇಶದ ಡೈಲಾಗ್ ಹೊಸೆಯಬೇಕಿಲ್ಲ. ಭಂಗಿಯನ್ನೂ ಕೆತ್ತನೆ ನೋಡಿಯೇ ಕಲಿಸಿ. ಕಲ್ಲು ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿದೆ. ಬರೀ ದಾನ, ಗಡಿಯ ವಿವರ ಇರುವ ಶಾಸನಕ್ಕೆ ಈ ಉಪಾಯ ನಡೆಯುವುದಿಲ್ಲ. ಹಳಗನ್ನಡವನ್ನು ಒಂದೆರಡು ಸಾಲಿಗಿಂತ ಜಾಸ್ತಿ ಓದಿಸಿದರೆ ಮಕ್ಕಳು ಆಕಳಿಸುತ್ತಾರೆ.